ಮಡೆಪ್ಪಣ್ಣನ ನಾಲಿಗೆಗೆ ರಜೆ

ಕೊರೋನಾದ ಎರಡನೆಯ ಅಲೆಯ ಕಾಲ. ಊರೆಲ್ಲ ಬಾಯಿ ಮುಚ್ಚಿಕೊಂಡು ತಿರುಗುತ್ತಿದ್ದಾಗ ನನ್ನ ಕಾರಖಾನೆಯಲ್ಲಿ ಒಬ್ಬ ಮಾತ್ರ ಮಾಸ್ಕು ಇಳಿಸಿ ಮಣ್ಣು ನೆಕ್ಕುತ್ತಿದ್ದ. ನಗಬೇಡಿ, ಅದು ಅವನ ಕೆಲಸ. ಬೀದರ ಕೋಟೆಯೊಳಗೆ ಮಳೆ ಬಿಸಿಲು ತಾಗದ ಜಾಗದ ಮಣ್ಣನ್ನು ನವಸಾಗರದ ಉಪ್ಪಿನ ಜೊತೆ ಕುದಿಸಿ, ಅದರಲ್ಲಿ ಅದ್ದಿದರೇ ನಮ್ಮ ಬಿದರಿ ಹೂದಾನಿ ಕಪ್ಪಾಗುವುದು, ಬೆಳ್ಳಿಯ ಎಳೆ ಎದ್ದು ಕಾಣುವುದು. ಯಾವ ಮಣ್ಣು ಆದೀತು, ಯಾವುದು ಆಗದು ಎಂದು ಹೇಳುವುದು ನಾಲಿಗೆ. ನಮ್ಮಲ್ಲಿ ಆ ನಾಲಿಗೆ ಮಡೆಪ್ಪಣ್ಣನದು. ನನ್ನ ಅಪ್ಪನ ಕಾಲದಿಂದ ಭಾಲ್ಕಿಯಿಂದ ದಿನಾ ಬಸ್ಸಿಗೆ ಬರುವ ಮನುಷ್ಯ. ಒಂದು ದಿನವೂ ಬೇನೆಯ ರಜೆ ಕೇಳಿದವನಲ್ಲ.

ನಾನು ಓಂಪ್ರಕಾಶ, ಕಾರಖಾನೆಯ ಮಾಲೀಕ, ಕಾಗದ ನೋಡಿಯೇ ನಂಬುವ ಮನುಷ್ಯ. ಈ ಬೇನೆ ಹತ್ತಿದವರಿಗೆ ಪಗಾರಸಹಿತ ರಜೆ ಕೊಡಬೇಕಂತೆ ಎಂದು ಕೇಳಿದ್ದೇ ತಡ, ಸ್ವಂತ ಅಕ್ಷರದಲ್ಲಿ ಬರೆದು ಬಾಗಿಲಿಗೆ ಅಂಟಿಸಿದೆ: ‘ಪಾಸಿಟಿವ್ ರಿಪೋರ್ಟ್ ತಂದವರಿಗೆ ಹದಿನಾಲ್ಕು ದಿನ ಪೂರ್ತಿ ಪಗಾರ. ರಿಪೋರ್ಟ್ ಇಲ್ಲದೆ ಮನೆಯಲ್ಲಿ ಕೂತವರಿಗೆ ಇಲ್ಲ.’ ಎರಡನೆಯ ಸಾಲು ನನ್ನದೇ, ಮೈಗಳ್ಳರಿಗೆ ಅಂಜಿ ಸೇರಿಸಿದ್ದು. ಇಷ್ಟು ನೆಟ್ಟಗೆ ಇನ್ಯಾರು ಬರೆದಾರು ಎಂದು ಹಿಗ್ಗಿದೆ ಕೂಡ.

ಒಂದು ಸೋಮವಾರ ಮಡೆಪ್ಪಣ್ಣ ಒಪ್ಪಿದ ಮಣ್ಣಿನಲ್ಲಿ ಆರು ಹೂದಾನಿ ಅದ್ದಿದೆವು. ಆರೂ ಬೂದಿ ಬಣ್ಣಕ್ಕೆ ತಿರುಗಿದವು.

“ಮಣ್ಣ ಕೆಟ್ಟದರಿ,” ಎಂದ.

“ಮತ್ತ ನೀನೇ ನೆಕ್ಕಿ ಛಲೋ ಅದ ಅಂದಿ?”

ತಯಾರಾದ ಮಾಲಿಗೆ ಎಣ್ಣೆ ಹಚ್ಚಿ ತಿಕ್ಕುವ ಖೈರುನ್ನಿಸಾ ಬೀ, ನನಗೆ ಹೆದರದ ಹೆಣ್ಣುಮಗಳು, ಎದ್ದು ಹೋಗಿ ಅವನಿಗೊಂದು ಲೋಟ ಚಹಾ ತಂದುಕೊಟ್ಟಳು. ಅವನು ಗಟಗಟ ಕುಡಿದ.

“ಚಾ ಹ್ಯಾಂಗಾಗ್ಯಾದ ಅಣ್ಣಾ?”

“ಛಲೋ ಆಗ್ಯಾದ ಬೀ.”

“ಸಕ್ರಿ ಹಾಕಿಲ್ರಿ. ಎರಡು ಚಮಚಾ ಉಪ್ಪು ಹಾಕೀನಿ.”

ಯಾರೂ ನಗಲಿಲ್ಲ. ಮಡೆಪ್ಪಣ್ಣ ತಲೆ ತಗ್ಗಿಸಿದ. “ಜ್ವರಾ ಇಲ್ರಿ, ಕೆಮ್ಮಾ ಇಲ್ರಿ. ಮೂರು ದಿನಾತು, ಬಾಯಿಗಿ ಏನೂ ರುಚಿ ಹತ್ತವಲ್ದು. ಮನ್ಯಾಗ ಐದು ಮಂದಿ ಉಣ್ಣೋರ್ರಿ. ಪಗಾರ ನಿಂತ್ರ ಹ್ಯಾಂಗ್ರಿ?”

ಅವನನ್ನು ಆಗಲೇ ತಪಾಸಣೆಗೆ ಕಳಿಸಿದೆ. ಅರ್ಧ ತಾಸಿನಲ್ಲಿ ಚೀಟಿ ಅವನ ಕೈಗೆ ಬಂತು: ನೆಗೆಟಿವ್. ಇನ್ನೊಂದು ಮಾದರಿ ದೊಡ್ಡ ಲ್ಯಾಬಿಗೆ ಹೋಗಿದೆ, ಗೊತ್ತಾಗಲು ಐದು ದಿನ ಬೇಕು, ಅಲ್ಲಿಯವರೆಗೆ ಮನೆಯಲ್ಲೇ ಇರು ಎಂದರಂತೆ. ಮಡೆಪ್ಪಣ್ಣ ಬಾಗಿಲ ಹೊರಗೇ ನಿಂತು ಇದನ್ನೆಲ್ಲ ಹೇಳಿದ.

“ಆದ್ರ ರಿಪೋರ್ಟ್ ಇಲ್ಲಂದ್ರ ಪಗಾರ ಇಲ್ಲಲ್ರಿ. ನಾಳಿ ಬರ್ತೇನ್ರಿ.”

ಭಾಲ್ಕಿಯ ಆ ಬಸ್ಸಿನಲ್ಲಿ ಕಾಲಿಡಲು ಜಾಗ ಇರುವುದಿಲ್ಲ. ಅದು ನನಗೂ ಗೊತ್ತು. ಆದರೆ ಇವನಿಗೆ ಸಡಿಲ ಬಿಟ್ಟರೆ ನಾಳೆ ಎಲ್ಲರ ಬಾಯಿಯೂ ರುಚಿ ಕಳೆದುಕೊಳ್ಳುತ್ತದೆ ಎಂದು ಲೆಕ್ಕ ಹಾಕಿ ಬರಬೇಡ ಎನ್ನಲಿಲ್ಲ.

ಖೈರುನ್ನಿಸಾ ಬೀ ಕೈಯಲ್ಲಿದ್ದ ಅರಿವೆ ಬಿಸಾಡಿದಳು. “ಸಾವಕಾರ್ರಿ, ಇಷ್ಟು ವರ್ಷ ಈ ನಾಲಗಿ ಛಲೋ ಅಂದ್ರ ನೀವೂ ಛಲೋ ಅಂದ್ರಿ. ಒಂದಿನಾ ಮಣ್ಣು ಲ್ಯಾಬಿಗಿ ಕಳಿಸಿಲ್ಲ. ಮಾಲಿಗಿ ಆ ನಾಲಗಿ ಸಾಕು, ಅದೇ ನಾಲಗಿ ಬ್ಯಾನಿ ಬಿದ್ರ ಕಾಗದಾ ಬೇಕೇನ್ರಿ?”

ನನಗೆ ನಾಚಿಕೆಯಾಯಿತು. ಸಿಟ್ಟೂ ಬಂತು, ಆದರೆ ಅದು ನನ್ನ ಮೇಲೆಯೇ.

“ಮಡೆಪ್ಪಣ್ಣ, ಹದಿನಾಲ್ಕು ದಿನ ಬರಬ್ಯಾಡ,” ಎಂದೆ. “ಆ ರಿಪೋರ್ಟ್ ಏನರೆ ಬರಲಿ, ಪಗಾರ ಮನಿಗೇ ಬರ್ತದ.”

“ಖರೇನ್ರಿ?”

“ಖರೆ.”

ಮಾಸ್ಕಿನೊಳಗೆ ಅವನು ನಕ್ಕದ್ದು ಕಣ್ಣಿನಲ್ಲೇ ಗೊತ್ತಾಯಿತು. ನಾನೂ ದೊಡ್ಡ ಮನುಷ್ಯನಾದೆ ಎಂದು ಒಳಗೊಳಗೇ ಬೀಗಿದೆ. ಅಷ್ಟರಲ್ಲಿ ಔರಾದದಿಂದ ಬರುವ ಅಜರ, ನಮ್ಮ ಕೆತ್ತನೆಯವನು, ಉಳಿ ಕೆಳಗಿಟ್ಟು ಎದ್ದು ನಿಂತ.

“ಸಾವಕಾರ್ರಿ, ನಂಗೂ ಶನಿವಾರದಿಂದ ಜ್ವರಾ ಅದರಿ.”

ಬೆಳ್ಳಿ ತಂತಿ ಕೂಡಿಸುವ ಸಿದ್ದೇಶ್ವರಿ ಕೈ ಎತ್ತಿದಳು. “ನಂಗ ನಿನ್ನಿಯಿಂದ್ರಿ.”

ನಾನು ಖೈರುನ್ನಿಸಾ ಬೀಯತ್ತ ತಿರುಗಿದೆ.

“ನಾ ಗಟ್ಟಿ ಅದೀನ್ರಿ,” ಎಂದಳು. ಆಮೇಲೆ ಮೆಲ್ಲಗೆ, “ಗಂಟಲಷ್ಟ ನೋಯ್ತದ.”

ಬೈಯಬೇಕೆಂದು ಬಾಯಿ ತೆರೆದೆ, ನಗು ಬಂದುಬಿಟ್ಟಿತು. ಔರಾದಕ್ಕೊಂದು, ಭಾಲ್ಕಿಗೊಂದು ಬಾಡಿಗೆ ಗಾಡಿ ತರಿಸಿದೆ. ಕಿಟಕಿ ತೆರೆದಿಡಲು ಹೇಳಿ, ಎಲ್ಲರಿಗೂ ಮಡೆಪ್ಪಣ್ಣನಷ್ಟೇ ರಜೆ, ಅಷ್ಟೇ ಪಗಾರ ಎಂದು ಮಾತು ಕೊಟ್ಟು ಕಳಿಸಿದೆ. ಅವರೆಲ್ಲ ಗುಣವಾಗಿ ಬಂದು ಮತ್ತೆ ನನ್ನ ತಲೆ ತಿಂದರು, ಆ ಮಾತು ಬೇರೆ. ಅವತ್ತು ಮಾತ್ರ ಖಾಲಿ ಕಾರಖಾನೆಯಲ್ಲಿ ಒಬ್ಬನೇ ಕೂತು ಹಗುರವಾಗಿದ್ದೆ. ಇಷ್ಟು ವರ್ಷ ಜೊತೆಗೆ ದುಡಿದ ಮಂದಿ ತಮ್ಮ ಬೇನೆಯನ್ನು ನನಗೆ ಹೇಳಿದ್ದು ಅದೇ ಮೊದಲು.