ಏನನ್ನೂ ಕೇಳದ ಮನೆ

ಯಾರಾದರೂ ಊಟಕ್ಕೆ ಕರೆದರೆ ಉದಯಶಂಕರ್ ಮೊದಲು ಯೋಚಿಸುತ್ತಿದ್ದದ್ದು, ಇವರಿಗೆ ನನ್ನಿಂದ ಏನಾಗಬೇಕಿದೆ ಎಂದು. ಈ ಬುದ್ಧಿ ಅವನಿಗೆ ಹುಟ್ಟಿನಿಂದ ಬಂದದ್ದಲ್ಲ. ಕ್ಲೀವ್‌ಲ್ಯಾಂಡಿನ ಚಿಕ್ಕ ಟೀವಿ ಸ್ಟೇಷನ್ನಿನಲ್ಲಿ ಟೇಪು ಹೊರುವ ಕೆಲಸದಿಂದ ಶುರು ಮಾಡಿ ನ್ಯೂಯಾರ್ಕಿನ ದೊಡ್ಡ ನೆಟ್‌ವರ್ಕ್ ಸೇರಿದ ಹೊಸದರಲ್ಲಿ, ಜೊತೆಯವನೊಬ್ಬ ಅವನನ್ನು ಒಳ್ಳೆಯ ಹೋಟೆಲಿಗೆ ಕರೆದುಕೊಂಡು ಹೋಗಿ ಹೊಟ್ಟೆ ತುಂಬ ತಿನ್ನಿಸಿದ್ದ. ಯಾವ ಕಾರ್ಯಕ್ರಮ ಯಾವ ಹೊತ್ತಿಗೆ ಬಂದರೆ ಜನ ಚಾನೆಲ್ ಬದಲಿಸುವುದಿಲ್ಲ ಎಂಬ ಬಗ್ಗೆ ಉದಯಶಂಕರ್ ತಿಂಗಳುಗಟ್ಟಲೆ ಕೂತು ಯೋಚಿಸಿದ್ದನ್ನೆಲ್ಲ ಬಾಯಿ ಬಿಡಿಸಿಕೊಂಡು, ಮರುವಾರ ಮೇಲಿನವರ ಮುಂದೆ ತನ್ನದೇ ಎಂದು ಹೇಳಿ ಬಡ್ತಿ ಪಡೆದಿದ್ದ. ಅಂದಿನಿಂದ ಉದಯಶಂಕರ್ ಯಾರನ್ನೂ ನಂಬಲಿಲ್ಲ.

ನಂಬದಿದ್ದದ್ದೇ ಅವನನ್ನು ಮೇಲಕ್ಕೆ ತಂದಿತು. ಇಡೀ ಆಫೀಸು ಒಂದು ಕಾರ್ಯಕ್ರಮವನ್ನು ಹೊಗಳುತ್ತಿದ್ದರೆ, ಈ ಹೊಗಳಿಕೆಯಿಂದ ಯಾರಿಗೆ ಲಾಭ ಎಂದು ಅವನು ನೋಡುತ್ತಿದ್ದ. ಹಾಗೆ ನೋಡಿಯೇ ಒಮ್ಮೆ, ಕ್ವಿಜ್ ಕಾರ್ಯಕ್ರಮವೊಂದರ ಪ್ರಶ್ನೆಗಳು ಮೊದಲೇ ಹೊರಗೆ ಹೋಗುತ್ತಿವೆ ಎಂದು ಕಂಡುಹಿಡಿದು, ಅದು ಪೇಪರಿಗೆ ಬೀಳುವ ಮೊದಲೇ ನಿಲ್ಲಿಸಿಬಿಟ್ಟ. 'ಶಂಕರ್ ಮೂಗು ಚುರುಕು' ಎಂಬ ಮಾತು ಹಬ್ಬಿತು. ಐವತ್ತು ದಾಟುವ ಹೊತ್ತಿಗೆ ವೈಸ್ ಪ್ರೆಸಿಡೆಂಟ್ ಆಗಿದ್ದ. ಹೆಂಡತಿ ಮಾತ್ರ, "ನಿನ್ನ ಜೊತೆ ಬಾಳೋದು ಅಂದ್ರೆ ದಿನಾ ಕೋರ್ಟಿನಲ್ಲಿ ನಿಂತ ಹಾಗೆ" ಎಂದು ಹೇಳಿ ಬಿಟ್ಟುಹೋಗಿದ್ದಳು.

ನೆಟ್‌ವರ್ಕ್ ಆಸ್ಟ್ರೇಲಿಯಾದ ಒಂದು ಚಾನೆಲ್ಲನ್ನು ಕೊಂಡುಕೊಂಡಾಗ ಅದನ್ನು ನೋಡಿಕೊಳ್ಳಲು ಕಳಿಸಿದ್ದು ಅವನನ್ನೇ. ಬ್ರಿಸ್ಬೇನಿನ ಫೋರ್ಟಿಟ್ಯೂಡ್ ವ್ಯಾಲಿಯಲ್ಲಿ ಮುಖ್ಯ ಆಫೀಸು. ಪರ್ತ್ ಮತ್ತು ಅಡಿಲೇಡ್‌ಗಳಲ್ಲಿ ಒಂದೊಂದು ಸುದ್ದಿ ವಿಭಾಗ. ಎರಡರಲ್ಲಿ ಒಂದನ್ನು ಮುಚ್ಚಬೇಕಿತ್ತು. ಈ ವಿಷಯ ಗೊತ್ತಿದ್ದದ್ದು ಅವನಿಗೆ ಮತ್ತು ನ್ಯೂಯಾರ್ಕಿನಲ್ಲಿದ್ದ ಅವನ ಬಾಸ್ ಮಾರ್ಗೋಗೆ, ಇಬ್ಬರಿಗೇ.

ಪರ್ತ್‌ಗೆ ಹೋದಾಗ ವಿಮಾನದಿಂದ ಇಳಿಯುವಷ್ಟರಲ್ಲಿ ಅವನ ಎಡಗಿವಿ ಕಟ್ಟಿಹೋಗಿ ನೋಯತೊಡಗಿತ್ತು. ಹೋಟೆಲಿನ ಹತ್ತಿರದ ಕ್ಲಿನಿಕ್‌ಗೆ ಹೋದ. ಅಲ್ಲಿನ ಡಾಕ್ಟರು ಕಂಪ್ಯೂಟರಿನಲ್ಲಿ ಹೆಸರು, ಹೋಟೆಲಿನ ವಿಳಾಸ ನೋಡಿ ತಲೆಯೆತ್ತಿದರು.

"ಉದಯಶಂಕರ್... ಕನ್ನಡದವ್ರಾ ಸರ್?"

"ಹೂಂ ಕಣಪ್ಪ. ನಮ್ಮ ಹಿರೀಕರು ಮೈಸೂರು ಸೀಮೆಯೋರು. ಈ ಕಿವಿ ಒಂದು ಪ್ರಾಣ ತಿಂತಾ ಐತೆ ನೋಡು."

ಡಾಕ್ಟರ್ ಲಿಂಗರಾಜರಿಗೆ ನಗು ತಡೆಯಲಾಗಲಿಲ್ಲ. ಕ್ಲೀವ್‌ಲ್ಯಾಂಡಿನಲ್ಲೇ ಹುಟ್ಟಿದ ಉದಯಶಂಕರ್ ಕನ್ನಡ ಕಲಿತದ್ದು ಮನೆಯಲ್ಲಿದ್ದ ಅಜ್ಜಿಯಿಂದ. ಅಜ್ಜಿ ಆಡುತ್ತಿದ್ದ ಹಾಗೆಯೇ ಅವನೂ ಆಡುತ್ತಿದ್ದ; 'ನೀವು' ಎನ್ನುವುದು ಅವನ ಬಾಯಿಗೆ ಬರುತ್ತಲೇ ಇರಲಿಲ್ಲ.

"ಎಷ್ಟು ವರ್ಷ ಆಯ್ತು ಸರ್ ಇಂಥ ಮಾತು ಕೇಳಿ! ಹೋಟೆಲ್‌ನಲ್ಲಿ ಒಬ್ರೇ ಕೂತು ಏನ್ಮಾಡ್ತೀರಾ? ಶನಿವಾರ ನಮ್ಮನೇಗೆ ಬಂದ್ಬಿಡಿ. ಪಿಯಾರಾ ವಾಟರ್ಸ್‌ನಲ್ಲಿದೀವಿ. ನಾನೇ ಬಂದು ಕರ್ಕೊಂಡು ಹೋಗ್ತೀನಿ." ಔಷಧ ಬರೆಯುತ್ತ ಕೇಳಿದರು, "ಏನ್ ಕೆಲಸ ಸರ್ ನಿಮ್ದು?"

ಉದಯಶಂಕರ್ ಚಾನೆಲ್ಲಿನ ಹೆಸರು ಹೇಳಿದ. ಲಿಂಗರಾಜರ ಕೈ ಕೀಬೋರ್ಡಿನ ಮೇಲೆ ನಿಂತಿತು. ಎದ್ದುಹೋಗಿ ಸಿಂಕಿನಲ್ಲಿ ಬಹಳ ಹೊತ್ತು ಕೈ ತೊಳೆದರು. "ಒಳ್ಳೇದು, ಒಳ್ಳೇದು" ಎಂದಷ್ಟೇ ಹೇಳಿ ಬಾಗಿಲವರೆಗೂ ಬಂದು ಬಿಟ್ಟರು.

ಇದರಲ್ಲೇನೋ ಇದೆ ಎಂದುಕೊಂಡ ಉದಯಶಂಕರ್. ಮಗನಿಗೆ ಕೆಲಸವೋ, ಸೊಸೆಗೆ ಹಾಡುವ ಚಪಲವೋ, ಯಾವುದೋ ಸಂಘದ ಕಾರ್ಯಕ್ರಮಕ್ಕೆ ಟೀವಿಯಲ್ಲಿ ಜಾಗವೋ? ಅದೇನೆಂದು ನೋಡಲಿಕ್ಕಾಗಿಯೇ ಶನಿವಾರ ಹೋದ.

ಒಂದೇ ಅಚ್ಚಿನಲ್ಲಿ ಎರಕ ಹೊಯ್ದಂಥ ಹೊಸ ಮನೆಗಳ ಸಾಲಿನಲ್ಲಿ ಅವರದೂ ಒಂದು. ಲಿಂಗರಾಜರ ಹೆಂಡತಿ ಮೈತ್ರೇಯಿ ಹಿತಕಿದ ಬೇಳೆ ಸಾರು ಮಾಡಿದ್ದರು, ಜೊತೆಗೆ ಅಕ್ಕಿರೊಟ್ಟಿ. "ಅವರೆಕಾಳು ಇಂಡಿಯನ್ ಶಾಪ್‌ನ ಫ್ರೋಜನ್ ಪ್ಯಾಕೆಟ್‌ದು. ಸೊಗಡು ಸ್ವಲ್ಪ ಕಮ್ಮಿ, ಬೇಜಾರ್ ಮಾಡ್ಕೋಬೇಡಿ" ಎಂದರು.

"ಅಯ್ಯೋ, ಅದ್ಯಾಕೆ ತಾಯಿ ಇಷ್ಟೆಲ್ಲ ಕಷ್ಟಪಟ್ಟೆ!" ಎಂದ ಉದಯಶಂಕರ್. ಮೈತ್ರೇಯಿ ನಕ್ಕು ಇನ್ನೊಂದು ರೊಟ್ಟಿ ಹಾಕಿದರು.

ಅವನು ಉಣ್ಣುತ್ತಲೇ ಕಾದ. ಸಾರಿನ ಹೊತ್ತಿಗೆ ಕೇಳುತ್ತಾರೆ ಎಂದುಕೊಂಡ, ಕೇಳಲಿಲ್ಲ. ಮಜ್ಜಿಗೆಯ ಹೊತ್ತಿಗೂ ಕೇಳಲಿಲ್ಲ. ಗೋಡೆಯ ಮೇಲೆ ಪದವಿಯ ಗೌನು ತೊಟ್ಟು ನಗುತ್ತಿದ್ದ ಹುಡುಗಿಯ ಫೋಟೋ ಇತ್ತು.

"ಮಗಳೇನು?"

"ಹೂಂ. ಪ್ರಣತಿ. ಅಡಿಲೇಡ್‌ನಲ್ಲಿದಾಳೆ" ಎಂದರು ಲಿಂಗರಾಜ.

"ಏನು ಕೆಲಸ?"

ಲಿಂಗರಾಜರು ಹೆಂಡತಿಯ ಮುಖ ನೋಡಿದರು. "ಆಫೀಸ್ ಕೆಲಸ" ಎಂದ ಮೈತ್ರೇಯಿ, "ಸ್ವಲ್ಪ ಅನ್ನ ಹಾಕ್ಲಾ?" ಎಂದು ಪಾತ್ರೆ ಎತ್ತಿಕೊಂಡರು.

ಆ ಹೊತ್ತಿಗೆ ಸರಿಯಾಗಿ ಮಾರ್ಗೋಳ ಫೋನು ಬಂತು. ಉದಯಶಂಕರ್ ಹಿತ್ತಲಿಗೆ ಹೋಗಿ ಮಾತಾಡಿದ. ಕಿವಿ ಇನ್ನೂ ಅರ್ಧ ಕಟ್ಟಿದ್ದರಿಂದ ತನ್ನ ದನಿ ಎಷ್ಟು ಜೋರಾಗಿದೆಯೆಂದು ಅವನಿಗೆ ತಿಳಿಯಲಿಲ್ಲ. "ಹೌದು, ಮುಚ್ಚುವುದು ಅಡಿಲೇಡನ್ನೇ" ಎಂದು ಹೇಳಿ ತಿರುಗಿದರೆ, ಅಡುಗೆಮನೆಯ ಕಿಟಕಿ ತೆರೆದಿತ್ತು. ಒಳಗೆ ಲಿಂಗರಾಜರು ತಟ್ಟೆ ತೊಳೆಯುತ್ತ ನಿಂತಿದ್ದರು.

ಕಡೆಗೂ ಆ ಮನೆಯವರು ಏನನ್ನೂ ಕೇಳಲಿಲ್ಲ. ಉಳಿದ ರೊಟ್ಟಿಯನ್ನು ಡಬ್ಬಿಗೆ ಹಾಕಿ ಕೊಟ್ಟು ಹೋಟೆಲಿಗೆ ಬಿಟ್ಟುಹೋದರು. ಕೇಳಿದ್ದರೆ ಅವನಿಗೆ ಎಷ್ಟೋ ನೆಮ್ಮದಿಯಾಗುತ್ತಿತ್ತು.

ಮರುವಾರ ಅಡಿಲೇಡಿನ ಸುದ್ದಿ ವಿಭಾಗಕ್ಕೆ ಕಾಲಿಟ್ಟಾಗ ಎಲ್ಲ ಅರ್ಥವಾಯಿತು ಎನ್ನಿಸಿತು. ಸಂಜೆ ಸುದ್ದಿಯ ಪ್ರೊಡ್ಯೂಸರ್ ಎಂದು ಕೈಕುಲುಕಿದವಳು ಫೋಟೋದಲ್ಲಿದ್ದ ಹುಡುಗಿಯೇ. ಅವಳು ಪರ್ತ್‌ನ ಸುದ್ದಿ ಎತ್ತಲಿಲ್ಲ, ಊಟದ ಸುದ್ದಿ ಎತ್ತಲಿಲ್ಲ, ಒಂದಕ್ಷರ ಕನ್ನಡ ಆಡಲಿಲ್ಲ. ಸ್ಥಳೀಯ ಸುದ್ದಿಗೆ ಈ ಊರಿನಲ್ಲಿ ಎಷ್ಟು ನೋಡುಗರಿದ್ದಾರೆ, ಬೆಂಕಿ ಬಿದ್ದಾಗ ಪ್ರವಾಹ ಬಂದಾಗ ಜನ ಮೊದಲು ಹಾಕುವುದು ಯಾವ ಚಾನೆಲ್ಲು ಎಂದು ಇಂಗ್ಲಿಷಿನಲ್ಲಿ ಖಡಕ್ಕಾಗಿ ವಿವರಿಸಿದಳು. ಚೆನ್ನಾಗಿ ಹೇಳಿದಳು. ಅಪ್ಪ ಅಮ್ಮ ಉಪ್ಪು ತಿನ್ನಿಸಿದ್ದಾರೆ, ಮಗಳು ಕೆಲಸ ಮುಗಿಸುತ್ತಿದ್ದಾಳೆ ಎಂದುಕೊಂಡ ಅವನು.

ಎರಡೇ ದಿನದಲ್ಲಿ ಪೇಪರಿನಲ್ಲಿ ಬಂತು: ಅಡಿಲೇಡ್ ಸುದ್ದಿ ವಿಭಾಗ ಮುಚ್ಚಲಿದೆ, ನಲವತ್ತು ಜನ ಕೆಲಸ ಕಳೆದುಕೊಳ್ಳಲಿದ್ದಾರೆ. ಊರೆಲ್ಲ ಗಲಾಟೆ. ಜಾಹೀರಾತು ಕೊಡುವವರು ಹಿಂದೆ ಸರಿದರು. ಉದಯಶಂಕರ್ ಪ್ರಣತಿಯನ್ನು ಗಾಜಿನ ಕೋಣೆಗೆ ಕರೆಸಿ ಬಾಗಿಲು ಹಾಕಿಕೊಂಡ. ಹೊರಗಿನವರಿಗೆ ತಿಳಿಯಬಾರದೆಂದು ಕನ್ನಡದಲ್ಲೇ ಶುರು ಮಾಡಿದ.

"ಹೇಳಿದ್ದು ನೀನೇ ಅಂತ ಗೊತ್ತು ಕಣೇ. ನಿಮ್ಮಪ್ಪ ಕಿಟಕಿಯಾಗೆ ನಿಂತು ಕೇಳಿಸ್ಕೊಂಡ, ನಿನ್ನ ಕಿವೀಗೆ ಹಾಕ್ದ, ನೀನು ಪೇಪರಿನೋರಿಗೆ ಹಾಕ್ದೆ."

ಮನೆಯ ಹಿರಿಯರೊಬ್ಬರು ಬೈದ ಹಾಗಿತ್ತು ಆ ಮಾತು. ಪ್ರಣತಿಯ ಮುಖ ಕೆಂಪೇರಿತು. ಅವಳು ಇಂಗ್ಲಿಷಿನಲ್ಲೇ ಉತ್ತರ ಕೊಟ್ಟಳು. ನಾನು ಯಾರಿಗೂ ಏನೂ ಹೇಳಿಲ್ಲ. ಅಪ್ಪ ನನಗೆ ಏನೂ ಹೇಳಿಲ್ಲ. ನೀವು ಕ್ಲಿನಿಕ್‌ಗೆ ಬಂದ ದಿನ ಅಪ್ಪ ಫೋನ್ ಮಾಡಿದಾಗ, ಊಟಕ್ಕೆ ಕರೆದದ್ದನ್ನು ಕ್ಯಾನ್ಸಲ್ ಮಾಡಿ ಎಂದು ಹೇಳಿದವಳೇ ನಾನು. ಬಾಸ್‌ಗೆ ಊಟ ಹಾಕಿ ಮಗಳನ್ನು ಮೇಲೆ ತಂದರು ಎಂದು ನಾಳೆ ಯಾರೂ ಆಡಿಕೊಳ್ಳಬಾರದು. ಅಮ್ಮ ಒಪ್ಪಲಿಲ್ಲ, ಕಿವಿ ನೋವಿಟ್ಟುಕೊಂಡು ಹೋಟೆಲಿನಲ್ಲಿ ಒಬ್ಬರೇ ಇರುವವರನ್ನು ಕರೆದು ಆಮೇಲೆ ಬೇಡ ಅನ್ನುವುದು ಹೇಗೆ ಅಂದಳು. ಹಾಗಾದರೆ ನನ್ನ ಕೆಲಸದ ವಿಷಯ ಎತ್ತಬೇಡಿ ಎಂದು ಮಾತು ತೆಗೆದುಕೊಂಡೆ. ಅಷ್ಟೇ.

ಎಷ್ಟು ಸಲೀಸಾಗಿ ಹೇಳುತ್ತಾಳೆ ಎಂದು ಉದಯಶಂಕರನಿಗೆ ಅನ್ನಿಸಿತು. ಸತ್ಯ ಇಷ್ಟು ನೀಟಾಗಿರುವುದಿಲ್ಲ ಎಂಬುದು ಅವನ ಅನುಭವ. ಅಂದು ಸಂಜೆಯೇ ಅವಳ ಕೆಲಸ ಹೋಯಿತು. ಯಾಕೆಂದು ಯಾರೂ ಬಾಯಿಬಿಟ್ಟು ಹೇಳದಿದ್ದರೂ, ಸುದ್ದಿ ಹೊರಹಾಕಿದವಳು ಅವಳೇ ಎಂದು ಎಲ್ಲರೂ ತಿಳಿದರು. ಗಾಜಿನ ಕೋಣೆಯಿಂದ ಹೊರಗೆ ಕೇಳಿಸಿದ್ದ ಅವಳ ಇಂಗ್ಲಿಷ್ ಮಾತಿನಿಂದ ಅದಕ್ಕಿಂತ ಕೆಟ್ಟ ಮಾತೂ ಹುಟ್ಟಿತು: ಮುಚ್ಚುವುದು ಅವಳಿಗೆ ಮೊದಲೇ ಗೊತ್ತಿತ್ತಂತೆ, ಬಾಸ್ ಅವಳ ಮನೆಯಲ್ಲಿ ಉಂಡುಹೋಗಿದ್ದನಂತೆ, ನಮಗ್ಯಾರಿಗೂ ಒಂದು ಸುಳಿವೂ ಕೊಡಲಿಲ್ಲ.

ಬ್ರಿಸ್ಬೇನಿಗೆ ಹಿಂತಿರುಗಿ ಕೆಲವು ವಾರಗಳಾಗಿದ್ದವು. ಒಂದು ಬೆಳಿಗ್ಗೆ ವಿಡಿಯೋ ಮೀಟಿಂಗ್ ಮುಗಿದು ಉಳಿದವರೆಲ್ಲ ಹೋದಮೇಲೆ ಮಾರ್ಗೋ ಪರದೆಯ ಮೇಲೆ ಹಾಗೇ ಉಳಿದಳು. ತುಂಬ ಖುಷಿಯಲ್ಲಿದ್ದಳು. ಜಾಹೀರಾತಿನವರು ಮರಳಿ ಬಂದಿದ್ದರು. ಗಲಾಟೆ ತಾನಾಗಿ ತಣ್ಣಗಾಗಿತ್ತು.

"ಜನ ಎಷ್ಟು ಕೂಗಾಡುತ್ತಾರೆ ನೋಡೋಣ ಅಂತ ಮೊದಲೇ ಪೇಪರಿಗೆ ಕೊಡಿಸಿದ್ದು ಒಳ್ಳೆಯದೇ ಆಯಿತು" ಎಂದಳು.

"ಕೊಡಿಸಿದ್ದು ಯಾರು?"

"ನಾನೇ. ನಿನಗೆ ಗೊತ್ತಾಗಿರಲಿಲ್ಲವೇ? ನಿನಗೆ!" ಮಾರ್ಗೋ ನಕ್ಕಳು. "ಆ ಹುಡುಗಿಯನ್ನು ತೆಗೆದು ಹಾಕಿದೆಯಲ್ಲ, ಅದಂತೂ ಬಹಳ ಉಪಕಾರವಾಯಿತು. ಆಮೇಲೆ ಯಾರೂ ನ್ಯೂಯಾರ್ಕಿನ ಕಡೆ ನೋಡಲೇ ಇಲ್ಲ."

ಪರದೆ ಆರಿದ ಮೇಲೂ ಉದಯಶಂಕರ್ ಕುರ್ಚಿಯಿಂದ ಏಳಲಿಲ್ಲ. ವಿಷಯ ಗೊತ್ತಿದ್ದದ್ದು ಇಬ್ಬರಿಗೆ. ಎರಡನೆಯವಳ ಮೇಲೆ ಅವನ ಅನುಮಾನ ಒಮ್ಮೆಯೂ ಸುಳಿದಿರಲಿಲ್ಲ. ಸಾರು ಬಡಿಸಿದವರ ಮೇಲೆ, ತಟ್ಟೆ ತೊಳೆದವರ ಮೇಲೆ ಹೋಗಿತ್ತು. ಮಾರ್ಗೋ ಅವನನ್ನು ಯಾವತ್ತೂ ಮನೆಗೆ ಕರೆದವಳಲ್ಲ. ಹಾಗಾಗಿ ಅವಳಿಗೆ ತನ್ನಿಂದ ಏನಾಗಬೇಕು ಎಂದು ಅವನು ಯೋಚಿಸಿಯೇ ಇರಲಿಲ್ಲ.

ಪ್ರಣತಿ ಅಡಿಲೇಡಿನ ಮನೆ ಖಾಲಿ ಮಾಡಿ ಅಪ್ಪ ಅಮ್ಮನ ಹತ್ತಿರ ಹೋಗಿದ್ದಾಳೆ ಎಂದು ತಿಳಿಯಿತು. ಫೋನ್ ಮಾಡಿದರೆ ಎತ್ತಲಿಲ್ಲ. ಶುಕ್ರವಾರ ಅವನು ಪರ್ತ್‌ಗೆ ಹೊರಟುಬಿಟ್ಟ.

ಬಾಗಿಲು ತೆರೆದವರು ಲಿಂಗರಾಜ. "ಬನ್ನಿ" ಎಂದರು. 'ಸರ್' ಇರಲಿಲ್ಲ. ಮೈತ್ರೇಯಿ ಒಂದು ಲೋಟ ನೀರು ತಂದಿಟ್ಟು ಒಳಗೆ ಹೋದವರು ಮತ್ತೆ ಬರಲಿಲ್ಲ. ಪ್ರಣತಿ ಸೋಫಾದ ಅಂಚಿನಲ್ಲಿ ಕೂತಿದ್ದಳು.

ಉದಯಶಂಕರ್ ನಡೆದದ್ದನ್ನು ನಡೆದ ಹಾಗೆಯೇ ಹೇಳಿದ. ಪೇಪರಿಗೆ ಕೊಟ್ಟದ್ದು ಮಾರ್ಗೋ. ತಾನು ತಪ್ಪು ತಿಳಿದೆ. "ನಿನ್ನ ಕೆಲಸ ನಿನಗೆ ವಾಪಸ್ ಕೊಡ್ತೀನಿ ಕಣಮ್ಮ. ಬ್ರಿಸ್ಬೇನಿನಾಗೆ, ಇನ್ನೂ ದೊಡ್ಡದು."

ಬ್ರಿಸ್ಬೇನಿನಲ್ಲಿ ಕೊಟ್ಟರೆ ಬಾಸ್‌ಗೆ ಊಟ ಹಾಕಿದ್ದಕ್ಕೆ ಅನ್ನುತ್ತಾರೆ, ಎಂದಳು ಪ್ರಣತಿ ಇಂಗ್ಲಿಷಿನಲ್ಲಿ. ಅಡಿಲೇಡಿನಲ್ಲಿ ನನ್ನ ಜೊತೆ ಕೆಲಸ ಮಾಡಿದ ನಲವತ್ತು ಜನ, ನಾನು ಅವರಿಗೆ ದ್ರೋಹ ಮಾಡಿದೆ ಎಂದುಕೊಂಡಿದ್ದಾರೆ. ಅವರ ಮುಂದೆ ನಿಂತು ಹೇಳ್ತೀರಾ?

"ಮಾರ್ಗೋ ಹೆಸರು ಹೇಳಿದ್ರೆ ನನ್ನ ಕೆಲ್ಸ ಉಳಿಯಲ್ಲ."

"ನನ್ನ ಮಗಳದ್ದೂ ಉಳೀಲಿಲ್ಲ" ಎಂದರು ಲಿಂಗರಾಜ. ಕೋಪವಿರಲಿಲ್ಲ ಮಾತಿನಲ್ಲಿ. "ಅವತ್ತು ನೀವು ಫೋನಲ್ಲಿ ಹೇಳಿದ್ದು ನನಗೆ ಕೇಳಿಸ್ತು, ನಿಜ. ಅವಳ ಕೆಲಸ ಹೋಗುತ್ತೆ ಅಂತ ಗೊತ್ತಾಯ್ತು. ಮೈತ್ರೇಯಿಗೂ ಹೇಳ್ಲಿಲ್ಲ ನಾನು. ಮನೆಗೆ ಬಂದವರ ಮಾತು, ಹೇಗೆ ಹೇಳ್ಲಿ?"

ಉದಯಶಂಕರ್ ನೀರನ್ನು ಕುಡಿದು ಎದ್ದ.

ಸೋಮವಾರ ಅಡಿಲೇಡಿನಲ್ಲಿ ಸಂಜೆ ಸುದ್ದಿ ಮುಗಿಯುವವರೆಗೂ ಕಾದು ಎಲ್ಲರನ್ನೂ ಸೇರಿಸಿದ. ಬರೆದುಕೊಂಡು ಬಂದಿರಲಿಲ್ಲ. ಸುದ್ದಿಯನ್ನು ಪೇಪರಿಗೆ ಕೊಟ್ಟದ್ದು ನ್ಯೂಯಾರ್ಕು, ಕೊಡಿಸಿದವಳು ಮಾರ್ಗೋ, ಪ್ರಣತಿಗೆ ಏನೂ ಗೊತ್ತಿರಲಿಲ್ಲ, ಅವಳನ್ನು ತೆಗೆದದ್ದು ನನ್ನ ಅನುಮಾನ ಎಂದ. ಯಾರೂ ಚಪ್ಪಾಳೆ ತಟ್ಟಲಿಲ್ಲ. ಹಳೆಯ ಕ್ಯಾಮೆರಾಮನ್ ಒಬ್ಬ, "ಇದನ್ನು ಅವತ್ತೇ ವಿಚಾರಿಸಬಹುದಿತ್ತು" ಎಂದು ಹೇಳಿ ತನ್ನ ಜಾಕೆಟ್ ತೆಗೆದುಕೊಂಡು ಹೊರಟುಹೋದ.

ಮಾರ್ಗೋಳ ಫೋನು ಮರುದಿನ ಬೆಳಿಗ್ಗೆಯೇ ಬಂತು. ಮಾತು ಐದು ನಿಮಿಷಕ್ಕಿಂತ ಹೆಚ್ಚಿರಲಿಲ್ಲ. ಮೂವತ್ತು ವರ್ಷದ ಕೆಲಸ ಅಷ್ಟರಲ್ಲಿ ಮುಗಿಯಿತು. ಅಡಿಲೇಡಿನ ಸುದ್ದಿ ವಿಭಾಗವೂ ಉಳಿಯಲಿಲ್ಲ. ಅಂದುಕೊಂಡ ತಿಂಗಳಿಗೇ ಮುಚ್ಚಿತು.

ಅದು ಮುಚ್ಚುವ ಕೊನೆಯ ದಿನ, ಅಮೆರಿಕಕ್ಕೆ ಹೊರಡುವ ಮೊದಲು ಅಲ್ಲಿನ ಆಫೀಸಿನ ಕಾರ್ಡು ಹಿಂತಿರುಗಿಸಲು ಅಡಿಲೇಡಿಗೆ ಹೋದವನಿಗೆ ಕಟ್ಟಡದ ಬಾಗಿಲಲ್ಲೇ ಪ್ರಣತಿ ಸಿಕ್ಕಳು. ಜೊತೆಯವರನ್ನು ಕಾಣಲು ಬಂದಿದ್ದಳು. ಅವರೇ ಅವಳನ್ನು ಕರೆಸಿಕೊಂಡಿದ್ದರು. ಇದೇ ಊರಿನ ಒಂದು ರೇಡಿಯೋದಲ್ಲಿ ಕೆಲಸ ಸಿಕ್ಕಿದೆ ಎಂದಳು. ಉದಯಶಂಕರ್ ಸಂತೋಷ ಎಂದು ಹೇಳಿ, "ನಿಮ್ಮಪ್ಪಂಗೆ ಒಂದು ಫೋನ್ ಮಾಡ್ಲಾ?" ಎಂದು ಕೇಳಿದ.

ಪ್ರಣತಿ ಮೊದಲ ಸಲ ಕನ್ನಡದಲ್ಲಿ ಮಾತಾಡಿದಳು. ಪದ ಹುಡುಕಿಕೊಂಡು, ನಿಧಾನವಾಗಿ.

"ಬೇಡ ಅಂಕಲ್. ಅಪ್ಪ ಕೂಡ್ಲೇ ಕ್ಷಮಿಸ್ತಾರೆ. ಅವ್ರು ಹಾಗೇನೇ. ನನಗೆ ಇನ್ನೂ ಟೈಮ್ ಬೇಕು. ಅಲ್ಲೀವರೆಗೂ ಮಾಡ್ಬೇಡಿ."

"ಆಗ್ಲಿ ಕಣಮ್ಮ" ಎಂದ ಅವನು.

ಅವಳು ಒಳಗೆ ಹೋದಳು. ಗಾಜಿನ ಆಚೆ ಯಾರೋ ಅವಳನ್ನು ಅಪ್ಪಿಕೊಂಡದ್ದು ಕಾಣಿಸಿತು. ಉದಯಶಂಕರ್ ಕಾರ್ಡನ್ನು ಬಾಗಿಲ ಕಾವಲಿನವನ ಕೈಗೆ ಕೊಟ್ಟು, ಟ್ರ್ಯಾಮ್ ಸ್ಟಾಪಿನ ಕಡೆಗೆ ನಡೆದ.