ಉಣಿಸಿದ ಕೈ

ಉಚ್ಚೆಂಗೆಮ್ಮ ಮಗನ ಬಲಗೈ ಬೆರಳು ಮಡಿಸಿ ವೀಳ್ಯದೆಲೆ ಹಿಡಿಸಿದಳು. ಎಲೆ ಜಾರಿತು. ಮತ್ತೆ ಹಿಡಿಸಿದಳು.

ಕುರುಗೋಡಿನ ಮನೆಯ ಅಂಗಳದಲ್ಲಿ ಗಾದಿಲಿಂಗಪ್ಪನ ಹೆಣವನ್ನು ಗೋಡೆಗೆ ಒರಗಿಸಿ ಕೂಡಿಸಿದ್ದರು. ಹತ್ತು ವರ್ಷದಲ್ಲಿ ಮೂರು ಸಿನಿಮಾದಲ್ಲಿ ನಟಿಸಿದ್ದ. ದೊಡ್ಡ ಕಂಪನಿಯವಲ್ಲ, ಬಳ್ಳಾರಿಯ ಚಿದಾನಂದಪ್ಪ ಬಾಡಿಗೆ ಕ್ಯಾಮೆರಾ ತಂದು ಇಲ್ಲೇ ಗುಡ್ಡದ ಕೆಳಗೆ ತೆಗೆದವು. ಟೆಂಟು ಟಾಕೀಸಿನ ತನಕ ಬಂದದ್ದು ಒಂದೇ.

“ಎಡಚ, ಎಡಚ ಅಂತಿದ್ವಿ. ಹೀರೋ ಆಗಿಬಿಟ್ಟ ನೋಡು,” ಎಂದಳು ನೆರೆಮನೆಯ ದೊಡ್ಡಬಸಮ್ಮ.

“ಎಡಚ ಅನಬ್ಯಾಡ. ಸಿನಿಮಾದಾಗ ಬಲಗೈಲೆ ಉಣಿಸ್ಯಾನ. ನಾನೇ ಕಂಡೀನಿ.”

*

ಮೂರು ವರ್ಷದ ಹಿಂದೆ, ಸಿರುಗುಪ್ಪದ ಟೆಂಟು. ನಡುವೆ ಸಿನಿಮಾ ಬೀಳುವ ತೆಳ್ಳನೆಯ ಬಿಳಿ ಪರದೆ; ಅದರ ಮುಂದೆ ಗಂಡಸರು, ಹಿಂದೆ ಹೆಂಗಸರು. ತಾನು ಹೆತ್ತ ಮುಖ ಮನೆಯ ಗೋಡೆಗಿಂತ ದೊಡ್ಡದಾಗಿ ಬೆಳಗಿದಾಗ ಉಚ್ಚೆಂಗೆಮ್ಮ ಎದ್ದು ನಿಂತು ಕೈಮುಗಿದಳು.

“ಕುಂದರಬೇ, ಕಾಣವಲ್ದು!”

ಅವಳು ಕೂಡಲಿಲ್ಲ. ಮಗ ಕುರುಡು ತಾಯಿಗೆ ತುತ್ತು ಉಣಿಸುತ್ತಿದ್ದ. ಬಲಗೈಯಿಂದ! ಅವನು ಐದು ವರ್ಷದವನಿದ್ದಾಗ ಉಣ್ಣುವ ಹೊತ್ತಿಗೆಲ್ಲ ಎಡಗೈಯನ್ನು ಸೊಂಟಕ್ಕೆ ಕಟ್ಟುತ್ತಿದ್ದವಳು ಅವಳೇ. ತುತ್ತೆತ್ತಲಾರದೆ ಎಷ್ಟೋ ದಿನ ಹಸಿದೇ ಮಲಗಿದ್ದ.

“ಕೈ ಸುದ್ದ ಆತಲ್ಲೋ,” ಎಂದು ಮನೆಗೆ ಬಂದು ಅವಳು ಹೇಳಿದಾಗ ಅವನು ಸುಮ್ಮನೆ ನಕ್ಕ. ಆಮೇಲೆ ಎಂದೂ ಅವಳೆದುರು ಉಣ್ಣಲು ಕೂಡಲಿಲ್ಲ.

*

ಬಿಸಿಲೇರುವ ಹೊತ್ತಿಗೆ ಚಿದಾನಂದಪ್ಪ ಬಂದ. ಗಾದಿಲಿಂಗಪ್ಪನ ಎಡಗೈ ಹಿಡಿದು ಕುಳಿತುಬಿಟ್ಟ.

“ಈ ಕೈ ನೋಡಾಕ ಜನ ಬಂಡಿ ಕಟ್ಟಿಕೊಂಡು ಬಂದ್ರು, ಯವ್ವಾ. ಬಲಗೈಲೆ ಉಣಿಸಂದ್ರ ನಟ ಆಗ್ತಿದ್ದ. ಎಡಗೈಲೆ ಮಗನಾಗ್ತಿದ್ದ. ಅದಕ್ಕ ಎಡಗೈಲೇ ತೆಗೆದೆ.”

“ಬಲಗೈಲೇ ರೀ. ನಾನು ನೋಡೀನಿ.”

“ಎಲ್ಲಿ ಕುಂತಿದ್ದಿ?”

“ಹೆಂಗಸರ ಕಡಿ. ಪರದಿ ಹಿಂದ.”

ಚಿದಾನಂದಪ್ಪ ತಲೆ ತಗ್ಗಿಸಿದ. “ಹಿಂದಿನಿಂದ ಎಡ ಬಲ ಆಗಿ ಕಾಣತೈತಿ, ಯವ್ವಾ.”

ಉಚ್ಚೆಂಗೆಮ್ಮ ಮಗನ ಎರಡೂ ಕೈಗಳನ್ನು ನೋಡಿದಳು. ಅವನ ಬಾಯಿಗೆ ಹಾಕಲೆಂದು ನೆನೆಸಿಟ್ಟ ಅಕ್ಕಿಯಲ್ಲಿ ಒಂದು ಚಿಟಿಕೆ ತೆಗೆದು ಎಡಗೈ ಬೆರಳುಗಳ ನಡುವೆ ಇಟ್ಟಳು.

“ಎಡಗೈಗೆ ಇಡಬಾರದವ್ವಾ!” ಊರ ಹಿರಿಯ ಪಾಲಯ್ಯ ಗದರಿದ.

ಅವಳು ಬೆರಳು ಮಡಿಸಿದಳು. ಜಾರಲಿಲ್ಲ. ಆ ಕೈಯನ್ನು ತನ್ನ ಎರಡೂ ಕೈಗಳಿಂದ ಎತ್ತಿ, ಕಣ್ಣು ಮುಚ್ಚಿ, ತನ್ನ ಬಾಯಿ ತೆರೆದಳು.