ನಾಲ್ಕು ನಿಮಿಷ ತಡ

ವಂದನಾ ಪೊರಿರುವಾದಲ್ಲಿ ಶ್ರವಣತಜ್ಞೆ. ಮೈಸೂರಿನಲ್ಲಿ ಓದಿ ನ್ಯೂಜಿಲೆಂಡಿಗೆ ಬಂದು ಹದಿನೇಳು ವರ್ಷವಾಗಿತ್ತು. ಗಂಡ ಪ್ರಮೋದ್ ಮೂರು ವರ್ಷದ ಹಿಂದೆ ಬೇರೆಯಾಗಿ ಬ್ರಿಸ್ಬೇನಿಗೆ ಹೋಗಿದ್ದ. ಮಗಳು ಕೃತಿ ಆ ಫೆಬ್ರವರಿಯಲ್ಲಿ ಕ್ರೈಸ್ಟ್‌ಚರ್ಚಿನ ವಿಶ್ವವಿದ್ಯಾಲಯ ಸೇರಿ, ರಿಕ್ಕರ್ಟನ್ನಿನಲ್ಲಿ ನಾಲ್ವರು ಫ್ಲಾಟ್‌ಮೇಟ್‌ಗಳ ಜೊತೆ ಮನೆ ಮಾಡಿದ್ದಳು. ಮನೆಯ ಡಿಶ್‌ವಾಷರ್ ತುಂಬಲು ಈಗ ನಾಲ್ಕು ದಿನ ಬೇಕಾಗುತ್ತಿತ್ತು.

ಆರ್ಚೀ ಅವಳ ಹಳೆಯ ಪೇಷಂಟ್. ವಯಸ್ಸು ನೂರೊಂದು. ಟಿಟಾಹಿ ಬೇ ಎಂಬಲ್ಲಿನ ವೃದ್ಧಾಶ್ರಮದಿಂದ ಮೂರು ತಿಂಗಳಿಗೊಮ್ಮೆ ವ್ಯಾನಿನಲ್ಲಿ ಬರುತ್ತಿದ್ದ. ಎರಡನೇ ಮಹಾಯುದ್ಧದಲ್ಲಿ ಫಿರಂಗಿದಳದಲ್ಲಿದ್ದವನು. ಕಿವಿ ಹೋಗಿದ್ದೂ ಅಲ್ಲಿಯೇ. ಹೆಂಡತಿ, ಇಬ್ಬರು ಗಂಡುಮಕ್ಕಳು, ತನ್ನ ದಳದ ಅಷ್ಟೂ ಜನ ತೀರಿಕೊಂಡ ಮೇಲೂ ಅವನು ಉಳಿದಿದ್ದ. ಸಾಮಾನ್ಯವಾಗಿ ಬಂದ ಕೆಲಸ ಮುಗಿಸಿ ಹೊರಡುವವನು ಮೇ ತಿಂಗಳ ಒಂದು ಮಧ್ಯಾಹ್ನ ಕೋಟಿನ ಜೇಬಿನಿಂದ ಒಂದು ಕ್ಯಾಸೆಟ್ ತೆಗೆದು ಮೇಜಿನ ಮೇಲಿಟ್ಟ.

ಅದನ್ನು ಟಿಮಾರುವಿನಿಂದ ಬೆವರ್ಲಿ ಎಂಬ ಹೆಂಗಸು ಕಳಿಸಿದ್ದಳು. ಅವಳ ತಂದೆ ಟೆಡ್, ಆರ್ಚೀಯ ಜೊತೆ ಇಟಲಿಯಲ್ಲಿ ಕಾದಾಡಿದವನು, ಸತ್ತು ಇಪ್ಪತ್ತು ವರ್ಷ ದಾಟಿತ್ತು. ಸಮುದ್ರದಂಡೆಯ ಹಳೆಯ ರಜೆಮನೆ ಮಾರುವ ಮುಂಚೆ ಸಾಮಾನು ತೆಗೆಯುವಾಗ ಇದು ಸಿಕ್ಕಿತ್ತಂತೆ. ೧೯೯೦ರ ಸುಮಾರಿಗೆ ಯಾರೋ ಮೇಷ್ಟ್ರು ಶಾಲೆಯ ಮಕ್ಕಳಿಗಾಗಿ ಟೆಡ್‌ನನ್ನು ಮಾತಾಡಿಸಿ ರೆಕಾರ್ಡ್ ಮಾಡಿದ್ದು.

"ಟೆಡ್ ಏನು ಹೇಳಿದ್ದಾನೆ ಅಂತ ನನಗೆ ಗೊತ್ತಾಗಬೇಕು. ನನಗೆ ಬರೀ ಗಾಳಿ ಕೇಳಿಸುತ್ತೆ" ಎಂದ ಆರ್ಚೀ.

ವಂದನಾ ಅದನ್ನು ಮನೆಗೆ ಒಯ್ದಳು. ಹಳೆ ಸಾಮಾನು ಮಾರುವ ಆಪ್ ಶಾಪಿನಲ್ಲಿ ಸಿಕ್ಕ ಕ್ಯಾಸೆಟ್ ಪ್ಲೇಯರನ್ನು ಲ್ಯಾಪ್‌ಟಾಪಿಗೆ ಜೋಡಿಸಿ, ನಾಲ್ಕು ಸಂಜೆ ಕೂತು ಗುಂಯ್‌ಗುಡುವ ಸದ್ದನ್ನು ಪದರ ಪದರವಾಗಿ ತೆಗೆದಳು. ಅದರ ಕೆಳಗೆ ನಿಧಾನವಾದ ಗಂಡುದನಿಯೊಂದಿತ್ತು. ಅವಳು ಅದನ್ನು ವಾಕ್ಯ ವಾಕ್ಯವಾಗಿ ಬರೆದುಕೊಂಡಳು. ಭಾನುವಾರ ಕೃತಿ ಫೋನ್ ಮಾಡಿದಾಗ, "ಒಬ್ಬ ಸೋಲ್ಜರ್ ಕತೆ ಕೇಳ್ತಿದೀನಿ ಕಣೇ, ತುಂಬ ಚೆನ್ನಾಗಿದೆ" ಎಂದಳು. "ಕೂಲ್, ಅಮ್ಮಾ. ಐ ಹ್ಯಾವ್ ಟು ರನ್, ಓಕೆ?" ಎಂದಿತು ಆ ಕಡೆಯ ದನಿ.

ಕತೆ ಇಷ್ಟು. ೧೯೪೪ರ ಜುಲೈ. ಫ್ಲಾರೆನ್ಸ್ ನಗರದ ದಕ್ಷಿಣಕ್ಕಿರುವ ಗುಡ್ಡಗಳಲ್ಲಿ ನ್ಯೂಜಿಲೆಂಡಿನವರು ಮುಂದೆ ಸಾಗುತ್ತಿದ್ದಾಗ, ಒಂದು ದಿಬ್ಬದ ಮೇಲೆ ಜರ್ಮನರ ಟೈಗರ್ ಟ್ಯಾಂಕ್ ದಾರಿ ಕಟ್ಟಿ ನಿಂತಿತ್ತು. ಐವತ್ತಾರು ಟನ್ ಉಕ್ಕು. ಇವರ ಶರ್ಮನ್ ಟ್ಯಾಂಕುಗಳು ಎದುರಿನಿಂದ ಹೊಡೆದ ಗುಂಡುಗಳು ಅದಕ್ಕೆ ತಗಲಿ ಚಿಮ್ಮಿಹೋಗುತ್ತಿದ್ದವು. ಅದು ಹೊಡೆದರೆ ಇವು ಒಲೆಯಂತೆ ಉರಿಯುತ್ತಿದ್ದವು. ಒಂದೇ ದಿನ ಎರಡು ಉರಿದವು. ಸಂಜೆ ಕ್ಯಾಪ್ಟನ್ ಎಲ್ಲ ದಳದವರನ್ನೂ ಒಂದೇ ನಕ್ಷೆಯ ಸುತ್ತ ಕೂರಿಸಿದ. "ಒಬ್ಬೊಬ್ಬರೇ ಹೋದರೆ ಒಬ್ಬೊಬ್ಬರೇ ಸಾಯ್ತೀವಿ" ಎಂದನಂತೆ.

ಯೋಜನೆ ಹೀಗಿತ್ತು: ಬೆಳಗಿನ ಜಾವ ಐದೂ ನಲವತ್ತಕ್ಕೆ ಹಿಂದೆ ನಿಂತ ಫಿರಂಗಿಗಳು ದಿಬ್ಬದ ಮೇಲೆ ಶೆಲ್ ಸುರಿಯಬೇಕು. ಅವು ಟ್ಯಾಂಕನ್ನು ಒಡೆಯಲಾರವು. ಆದರೆ ಮೇಲೆ ತಲೆ ಹೊರಹಾಕಿ ನೋಡುವ ಅದರ ಕಮಾಂಡರ್ ಒಳಗಿಳಿದು ಮುಚ್ಚಳ ಹಾಕಿಕೊಳ್ಳಲೇಬೇಕು. ಆಮೇಲೆ ಅವನಿಗೆ ಸೀಳಿನಷ್ಟೇ ಲೋಕ. ಆ ಕುರುಡಿನಲ್ಲಿ ಕಾಲಾಳುಗಳಿಬ್ಬರು ಚರಂಡಿಯಲ್ಲಿ ತೆವಳಿ, ಹೆಗಲಿಗಿಟ್ಟು ಹಾರಿಸುವ ಪಿಯಾಟ್‌ನಿಂದ ಅದರ ಚಕ್ರದ ಚೈನು ಕತ್ತರಿಸಬೇಕು. ಅದು ಅಲುಗಾಡದೆ ನಿಂತಾಗ ಒಂದು ಶರ್ಮನ್ ದ್ರಾಕ್ಷಿತೋಟದ ಮರೆಯಲ್ಲಿ ಸುತ್ತಿಬಂದು, ಉಕ್ಕು ತೆಳುವಾಗಿರುವ ಹಿಂಬದಿಗೆ ಹೊಡೆಯಬೇಕು. ಯಾವುದೂ ಒಂಟಿಯಾಗಿ ನಡೆಯುವ ಕೆಲಸವಲ್ಲ.

ಚರಂಡಿಯಲ್ಲಿ ಹೋದವರು ಟೆಡ್ ಮತ್ತು ಅವನ ಗೆಳೆಯ ಕ್ಲೆಮ್. ಮುಂದಾಳು ಟೆಡ್. ದೂರದ ತೋಟದಮನೆಯ ಅಟ್ಟದಲ್ಲಿ ದುರ್ಬೀನು, ವೈರ್‌ಲೆಸ್ ಹಿಡಿದು ಫಿರಂಗಿಗಳಿಗೆ ಗುರಿ ಹೇಳುತ್ತಿದ್ದವನು ಆರ್ಚೀ.

ಐದೂ ನಲವತ್ತಕ್ಕೆ ಶೆಲ್ ಬೀಳಲಿಲ್ಲ. ಬಿದ್ದದ್ದು ನಾಲ್ಕು ನಿಮಿಷ ತಡವಾಗಿ. ಆ ನಾಲ್ಕು ನಿಮಿಷದಲ್ಲಿ ಟ್ಯಾಂಕಿನ ಕಮಾಂಡರ್ ಚರಂಡಿಯನ್ನು ನೋಡಿದ. ಮಶಿನ್‌ಗನ್ನಿಗೆ ಕ್ಲೆಮ್ ಸತ್ತ. ಕೊನೆಗೆ ಶೆಲ್‌ಗಳು ಬಂದವು, ಮುಚ್ಚಳ ಮುಚ್ಚಿತು, ಟೆಡ್ ಒಬ್ಬನೇ ಪಿಯಾಟ್ ಹಾರಿಸಿದ. ಚೈನು ಕಿತ್ತುಬಂತು. ಟ್ಯಾಂಕಿನ ಫಿರಂಗಿ ಅವನತ್ತ ತಿರುಗುತ್ತಿರುವಾಗಲೇ ತೋಟದಿಂದ ಬಂದ ಶರ್ಮನ್ ಹಿಂದಿನಿಂದ ಹೊಡೆಯಿತು. ಟೈಗರ್ ಮಧ್ಯಾಹ್ನದವರೆಗೂ ಉರಿಯಿತಂತೆ.

ಶನಿವಾರ ವಂದನಾ ಬರೆದುಕೊಂಡ ಹಾಳೆಗಳೊಂದಿಗೆ ವೃದ್ಧಾಶ್ರಮಕ್ಕೆ ಹೋದಳು. ಆರ್ಚೀಯ ಕೋಣೆಯ ಕಿಟಕಿ ಸಮುದ್ರದ ಕಡೆಗಿತ್ತು. ಗಾಳಿಗೆ ಗಾಜು ನಡುಗುತ್ತಿತ್ತು. ಅವಳು ಅವನ ಒಳ್ಳೆಯ ಕಿವಿಯ ಪಕ್ಕ ಕುರ್ಚಿ ಎಳೆದುಕೊಂಡು, ಒಂದೊಂದೇ ವಾಕ್ಯವನ್ನು ಗಟ್ಟಿಯಾಗಿ ಓದಿದಳು. ಅವನು ಅಲ್ಲಲ್ಲಿ ತಿದ್ದಿದ. ದ್ರಾಕ್ಷಿತೋಟ ಎಡಕ್ಕಲ್ಲ, ಬಲಕ್ಕೆ. ಕ್ಯಾಪ್ಟನ್ ಹಾಗೆ ಹೇಳಲಿಲ್ಲ, ಇನ್ನೂ ಕೆಟ್ಟದಾಗಿ ಹೇಳಿದ. ತಿದ್ದುವಾಗ ಅವನ ಮುಖಕ್ಕೆ ಬಣ್ಣ ಬಂದಿತ್ತು. ಟೆಡ್ ಈಗ ಎದುರಿಗೆ ಇದ್ದಿದ್ದರೆ ಒಪ್ಪುತ್ತಿರಲಿಲ್ಲ ಎಂದ.

ಯುದ್ಧ ಮುಗಿದ ಮೇಲೆ ಇಬ್ಬರ ನಡುವೆ ಏನಾಯಿತೆಂದೂ ಹೇಳಿದ. ೧೯೫೮ರಲ್ಲಿ ವೆಲಿಂಗ್ಟನ್ನಿನ ಪುನರ್ಮಿಲನದಲ್ಲಿ ಟೆಡ್ ಎಲ್ಲರೆದುರು ಎದ್ದುನಿಂತು, ನಿಮ್ಮ ಫಿರಂಗಿ ನಾಲ್ಕು ನಿಮಿಷ ತಡವಾಗಿದ್ದಕ್ಕೇ ಕ್ಲೆಮ್ ಸತ್ತ ಎಂದ. ಆರ್ಚೀ ಉತ್ತರ ಕೊಡಲಿಲ್ಲ. ಅಂದಿನಿಂದ ಅವರು ಮಾತಾಡಲಿಲ್ಲ.

ಹಾಳೆಗಳು ಮುಗಿಯುತ್ತ ಬಂದವು. ಕೊನೆಯಲ್ಲಿ ಮೇಷ್ಟ್ರು ಮತ್ತೇನಾದರೂ ಹೇಳುವುದಿದೆಯೇ ಎಂದು ಕೇಳಿದ ಮೇಲೆ ಟೆಡ್ ಗಂಟಲೊಳಗೇ ಒಂದು ಮಾತು ಹೇಳಿದ್ದ. ಗುಂಯ್‌ಗುಡುವ ಸದ್ದನ್ನು ತೆಗೆದುಹಾಕುವ ಮುಂಚೆ ಅದು ಯಾರಿಗೂ ಕೇಳಿಸುವಂತಿರಲಿಲ್ಲ. ವಂದನಾ ಅದನ್ನು ಓದಿದಳು.

"ನಾವು ಸ್ವಲ್ಪ ಜಾಸ್ತಿ ಮುಂದೆ ಹೋಗಿಬಿಟ್ಟಿದ್ವೇನೋ."

ಆರ್ಚೀ ಮತ್ತೊಮ್ಮೆ ಓದಲು ಹೇಳಿದ. ಮತ್ತೊಮ್ಮೆ. ಆಮೇಲೆ ಕಿಟಕಿಯ ಕಡೆ ತಿರುಗಿ ಕೂತ.

"ಚರಂಡಿಗೆ ಅಡ್ಡ ಒಂದು ಕಲ್ಲಿನ ಮೋರಿ ಇತ್ತು" ಎಂದ. "ಅಲ್ಲಿ ನಿಲ್ಲಬೇಕು ಅಂತ ಮಾತಾಗಿತ್ತು. ಮಂಜಲ್ಲಿ ಟೆಡ್‌ಗೆ ಕಾಣಲಿಲ್ಲ, ದಾಟಿ ಅರವತ್ತು ಗಜ ಹೋಗಿದ್ದ. ಮಂಜು ಸರಿದು ಬೆಳಕಾದಾಗ ನಾನು ನೋಡಿದೆ. ಹೇಳಿದ ಹೊತ್ತಿಗೆ ಹೊಡೆಸಿದ್ದರೆ ಶೆಲ್ ಅವರ ತಲೆ ಮೇಲೇ ಬೀಳೋದು. ನಿಲ್ಲಿಸಿದೆ. ಹೊಸದಾಗಿ ದೂರದ ಲೆಕ್ಕ ಹಾಕಿ ಕೊಟ್ಟೆ. ಅದಕ್ಕೆ ನಾಲ್ಕು ನಿಮಿಷ ಹಿಡೀತು."

ಅದನ್ನು ಟೆಡ್‌ಗೆ ಯಾಕೆ ಹೇಳಲಿಲ್ಲ ಎಂದು ಅವಳು ಕೇಳಿದಳು. ಹೇಳಿದರೆ ಕ್ಲೆಮ್ ಸತ್ತದ್ದು ನಿನ್ನ ತಪ್ಪಿನಿಂದ ಎಂದ ಹಾಗಾಗುತ್ತಿತ್ತು ಎಂದ ಆರ್ಚೀ. ಅದಕ್ಕಿಂತ ಅವನು ನನ್ನ ಮೇಲೆ ಸಿಟ್ಟು ಮಾಡಿಕೊಂಡು ಬದುಕುವುದೇ ಮೇಲು ಅನ್ನಿಸಿತು ಎಂದೂ ಹೇಳಿದ.

"ಅವನಿಗೆ ಗೊತ್ತಿತ್ತು, ನೋಡು" ಎಂದ. "ಒಂದು ಫೋನ್ ಮಾಡಬಹುದಿತ್ತು. ನಾನೂ ಮಾಡಬಹುದಿತ್ತು."

ವಂದನಾ ಹಾಳೆಗಳನ್ನು ಪಕ್ಕಕ್ಕಿಟ್ಟಳು. ಅವನ ಕೈ ಹಿಡಿದುಕೊಂಡಳು. ಅದು ತಣ್ಣಗಿತ್ತು, ಬಹಳ ಹಗುರವಾಗಿತ್ತು. ಅವಳು ಹೊರಡುವಾಗ ಅವನು, ಬೆವರ್ಲಿಗೆ ಈ ಮೋರಿಯ ವಿಷಯ ಹೇಳುವುದು ಬೇಡ ಎಂದ. ಅವಳು ಒಪ್ಪಿದಳು.

ಆಮೇಲೆ ಅವಳು ಪ್ರತಿ ಶನಿವಾರ ಹೋಗತೊಡಗಿದಳು. ಹೆಚ್ಚು ಮಾತೇನೂ ಇರುತ್ತಿರಲಿಲ್ಲ. ಒಮ್ಮೆ ಆರ್ಚೀ ಅವಳ ಭಾಷೆ ಹೇಗಿರುತ್ತದೆಂದು ಕೇಳಿದ. ಅವಳು ಮೈಸೂರಿನ ಹಾಸ್ಟೆಲಿನ ಊಟದ ಬಗ್ಗೆ ಕನ್ನಡದಲ್ಲಿ ಹತ್ತು ನಿಮಿಷ ಮಾತಾಡಿದಳು. ಅವನು ಕಣ್ಣು ಮುಚ್ಚಿ ಕೇಳಿಸಿಕೊಂಡ. ಅಷ್ಟು ಹೊತ್ತು ಬಿಡದೆ ಕನ್ನಡ ಮಾತಾಡಿ ಎಷ್ಟು ದಿನವಾಗಿತ್ತೆಂದು ಅವಳಿಗೆ ನೆನಪಾಗಲಿಲ್ಲ.

ಆಗಸ್ಟಿನಲ್ಲಿ ಆರ್ಚೀ ನ್ಯುಮೋನಿಯಾದಿಂದ ತೀರಿಕೊಂಡ. ಅಂತ್ಯಕ್ರಿಯೆಗೆ ಬಂದವರು ಹನ್ನೊಂದು ಜನ, ಅವರಲ್ಲಿ ಐವರು ವೃದ್ಧಾಶ್ರಮದ ಕೆಲಸದವರು. ಟಿಮಾರುವಿನಿಂದ ಬೆವರ್ಲಿಯೂ ಬಂದಿದ್ದಳು. ಎಪ್ಪತ್ತು ದಾಟಿದ ಎತ್ತರದ ಹೆಂಗಸು. ಚಹಾ ಹಿಡಿದು ನಿಂತಾಗ ಅವಳು ವಂದನಾಳನ್ನು ಹುಡುಕಿಕೊಂಡು ಬಂದಳು. ಅಪ್ಪ ಸಾಯುವವರೆಗೂ ಫಿರಂಗಿಯವರು ತಡಮಾಡಿದರು ಎನ್ನುತ್ತಿದ್ದ, ಆರ್ಚೀ ಅದರ ಬಗ್ಗೆ ಏನಾದರೂ ಹೇಳಿದ್ದನೇ ಎಂದು ಕೇಳಿದಳು.

"ತಡ ಆಗಿದ್ದು ನಿಜ ಅಂದರು" ಎಂದಳು ವಂದನಾ. "ಅದಕ್ಕೆ ಕೊನೆವರೆಗೂ ದುಃಖಪಟ್ಟರು."

ಬೆವರ್ಲಿ ತಲೆಯಾಡಿಸಿದಳು. ಸ್ವಚ್ಛಮಾಡಿದ ರೆಕಾರ್ಡಿಂಗ್ ತನಗೂ ಬೇಕು ಎಂದಳು. ಕ್ಯಾಸೆಟ್ಟಿನಲ್ಲಿ ಅಪ್ಪನ ದನಿ ತನಗೆ ಸರಿಯಾಗಿ ಕೇಳಿಸಿಯೇ ಇರಲಿಲ್ಲ.

ಮನೆಗೆ ಬಂದು ವಂದನಾ ಫೈಲ್ ತೆರೆದಳು. ಆ ಕೊನೆಯ ಮಾತಿನ ಉದ್ದ ಮೂರು ಸೆಕೆಂಡು. ಕತ್ತರಿಸಿದರೆ ಯಾರಿಗೂ ತಿಳಿಯುವಂತಿರಲಿಲ್ಲ. ಆರ್ಚೀಗೆ ಕೊಟ್ಟ ಮಾತು ಆರ್ಚೀ ಹೇಳಿದ್ದರ ಬಗ್ಗೆ; ಇದು ಟೆಡ್ ತಾನೇ ಹೇಳಿದ್ದು, ಕೇಳುವವಳು ಅವನ ಮಗಳು. ಪರದೆಯ ಮೇಲೆ ಆ ಮೂರು ಸೆಕೆಂಡನ್ನು ಗುರುತು ಮಾಡಿ, ಅಳಿಸಿ, ಮತ್ತೆ ತಂದಳು. ಕೊನೆಗೆ ಪೂರ್ತಿಯಾಗಿಯೇ ಕಳಿಸಿದಳು. ಜೊತೆಗೆ ಏನನ್ನೂ ಬರೆಯಲಿಲ್ಲ.

ಮೂರು ವಾರ ಉತ್ತರವಿರಲಿಲ್ಲ. ಆಮೇಲೆ ಒಂದು ಸಂಜೆ, ಅವಳು ತನ್ನೊಬ್ಬಳಿಗೇ ಅನ್ನಕ್ಕಿಡುತ್ತಿದ್ದಾಗ, ಬೆವರ್ಲಿಯ ಸಂದೇಶ ಬಂತು. ಅಪ್ಪನ ದನಿ ಕೇಳಿ ಸಂತೋಷವಾಯಿತು, ಧನ್ಯವಾದ ಎಂದಷ್ಟೇ ಇತ್ತು. ಅವಳು ಕೊನೆಯವರೆಗೂ ಕೇಳಿದ್ದಳೇ, ಕೇಳಿ ಅರ್ಥ ಮಾಡಿಕೊಂಡಿದ್ದಳೇ, ಅದರಲ್ಲಿ ಗೊತ್ತಾಗುವಂತಿರಲಿಲ್ಲ. ವಂದನಾ ಎರಡು ಸಲ ಓದಿದಳು. ಅದನ್ನೇ ವಿಚಾರಿಸೋಣವೆಂದು ಬರೆಯಲು ಶುರುಮಾಡಿ, ಅಳಿಸಿ, ಕುಕ್ಕರ್ ಮುಚ್ಚಿದಳು.